ಕರೆವ್ವ ಮುಚ್ಚಿದ ಬಿರುಕು

ಕೆಂಚರಹಟ್ಟಿಯಲ್ಲಿ ಗೋಡೆಗೆ ಸುಣ್ಣ ಮಣ್ಣು ಹಚ್ಚಿ ಗಿಲಾವು ಮಾಡುವ ಹೆಂಗಸು ಒಬ್ಬಳೇ, ಕರೆವ್ವ. ಉಳಿದ ಹೆಂಗಸರು ಮಣ್ಣು ಕಲಸುತ್ತಾರೆ, ಬುಟ್ಟಿ ಹೊರುತ್ತಾರೆ, ಇಟ್ಟಿಗೆಗೆ ನೀರು ಹೊಡೆಯುತ್ತಾರೆ. ಕರಣೆ ಹಿಡಿಯುವುದು ಗಂಡಸರ ಕೆಲಸ. ಕರೆವ್ವನೂ ಹನ್ನೆರಡನೆಯ ವಯಸ್ಸಿನಿಂದ ಬುಟ್ಟಿಯನ್ನೇ ಹೊತ್ತವಳು. ಅವಳ ತವರು ತುಕ್ಕಾನಟ್ಟಿ. ಸಾತಪ್ಪನನ್ನು ಮದುವೆಯಾಗಿ ಕೆಂಚರಹಟ್ಟಿಗೆ ಬಂದ ಮರುವರ್ಷ ಗಂಡ ಹೆಂಡತಿ ಇಬ್ಬರೂ ಕಲ್ಲೋಳಿಯಲ್ಲಿ ಒಂದು ಮನೆಯ ಕೆಲಸಕ್ಕೆ ಹೋಗುತ್ತಿದ್ದರು. ಅಲ್ಲಿಯ ಮೇಸ್ತ್ರಿ, ಗೌಂಡಿ ಶಿದ್ರಾಮನಿಗೆ ಒಂದು ಮಧ್ಯಾಹ್ನ ಚಳಿಜ್ವರ ಬಂತು; ಅರ್ಧ ಗೋಡೆಗೆ ಗಿಲಾವು ಹಚ್ಚಿ ಉಳಿದರ್ಧ ಬಿಟ್ಟು ಮನೆಗೆ ಹೋದ. ಕಲಸಿದ ಸುಣ್ಣ ಬುಟ್ಟಿಯಲ್ಲೇ ಒಣಗುತ್ತಿತ್ತು. ವಸ್ತು ಹಾಳಾಗುವುದನ್ನು ನೋಡಲಾರದೆ ಕರೆವ್ವ ಕರಣೆ ಎತ್ತಿಕೊಂಡಳು.

ಮರುದಿನ ಶಿದ್ರಾಮ ಬಂದು ಗೋಡೆಯ ಮೇಲೆ ಅಂಗೈ ಆಡಿಸಿ ನೋಡಿದ. ತನ್ನ ಅರ್ಧ ಎಲ್ಲಿ ಮುಗಿದು ಇನ್ನೊಂದು ಅರ್ಧ ಎಲ್ಲಿ ಶುರುವಾಗಿದೆ ಎಂದು ಅವನಿಗೇ ತಿಳಿಯಲಿಲ್ಲ. "ಸಾತಪ್ಪಾ, ನಿನ್ನ ಹೇಣ್ತಿ ಕೈಯಾಗಿನ ಬುಟ್ಟಿ ಕಸಗೋ," ಎಂದ. "ಬುಟ್ಟಿ ಹೊರೂ ಕೈ ಅಲ್ಲ ಅದು."

ಅಂದಿನಿಂದ ಮೂವತ್ತು ವರ್ಷ. ಮೂಡಲಗಿಯಿಂದ ಗೋಕಾಕದವರೆಗೆ ಎಷ್ಟು ಗೋಡೆಗಳಿಗೆ ಅವಳ ಕೈ ತಗುಲಿದೆಯೋ ಲೆಕ್ಕ ಇಟ್ಟವರಿಲ್ಲ. ಧುಪದಾಳದ ಹೊಳೆಯಿಂದ ತಂದ ಒಂದು ನುಣುಪುಗಲ್ಲು ಅವಳ ಹತ್ತಿರ ಇತ್ತು. ಕಡೆಯ ಪದರ ಅರ್ಧ ಒಣಗಿದಾಗ ಆ ಕಲ್ಲಿನಿಂದ ಗೋಡೆಯನ್ನು ತೀಡುತ್ತಿದ್ದಳು. ಬಿರುಕು ಮುಚ್ಚುವುದರಲ್ಲಂತೂ ಅವಳ ಹೆಸರು ದೊಡ್ಡದು. ಮೊದಲು ದಾರ ಹಿಡಿದು ಬಿರುಕಿನ ಅಗಲ ಅಳೆಯುತ್ತಿದ್ದಳು. ಅಗಲಕ್ಕೆ ತಕ್ಕಂತೆ ದಾರಕ್ಕೆ ಗಂಟು ಹಾಕಿ, ಆ ಗಂಟಿನ ಅಳತೆಗೆ ಚಿಪ್ಪುಗಲ್ಲು ಆರಿಸಿ ತರುತ್ತಿದ್ದಳು. ಓದು ಬರಹ ಇಲ್ಲದ ಅವಳಿಗೆ ದಾರವೇ ಪಟ್ಟಿ, ದಾರವೇ ಕಾಗದ.

ಕೆಂಚರಹಟ್ಟಿಯ ಬಸ್ಸು ನಿಲ್ಲುವ ಜಾಗದ ಹಿಂದೆ ಒಂಬತ್ತು ಮನೆಗಳ ಓಣಿ ಇದೆ. ಮೊದಲನೆಯದು ಕರೆವ್ವನ ಮನೆ. ಮಾವ ಕಲ್ಲು ಮಣ್ಣಿನಲ್ಲಿ ಕಟ್ಟಿದ್ದು; ಮೇಲೆ ಮರದ ತೊಲೆ, ಅದರ ಮೇಲೆ ಮಣ್ಣಿನ ಮಾಳಿಗೆ. ಪಡಸಾಲೆಯ ಗೋಡೆಗೆ ಬುದ್ಧನ ಮತ್ತು ಬಾಬಾಸಾಹೇಬರ ಫೋಟೋಗಳು. ಬಾಜೂ ಮನೆ ರೋಶನಬಿಯದು. ಅವಳು ಹೊಲಿಗೆ ಕೆಲಸದವಳು, ಗಂಡ ತೀರಿಕೊಂಡು ಆರು ವರ್ಷ. ಎರಡು ಮನೆಗಳಿಗೂ ನಡುವಿನ ಗೋಡೆ ಒಂದೇ. ಈ ಮನೆಯಲ್ಲಿ ಒಗ್ಗರಣೆ ಹಾಕಿದರೆ ಆ ಮನೆಯಲ್ಲಿ ಸೀನು.

ಓಣಿಯ ಮುಂದಿನ ಬಯಲಿನಲ್ಲಿ ದೊಡ್ಡ ಬಸ್ ಸ್ಟ್ಯಾಂಡ್ ಕಟ್ಟುತ್ತಾರೆಂದು ಗೊತ್ತಾದಾಗ ಎಲ್ಲರಿಗಿಂತ ಹೆಚ್ಚು ಹಿಗ್ಗಿದವಳು ಕರೆವ್ವನೇ. ದಿನಾ ಬೆಳಗ್ಗೆ ಕೆಲಸಕ್ಕೆ ಹೋಗುವಾಗ ಬೇವಿನ ಮರದ ಕೆಳಗೆ ನಿಂತು ನಿಂತು ಅವಳ ಮೊಣಕಾಲು ಸೋತಿದ್ದವು. "ಕುಂಡ್ರಾಕ ಕಟ್ಟಿ ಆಗತೈತಿ, ನೆತ್ತಿ ಮ್ಯಾಲ ನೆರಳ ಆಗತೈತಿ," ಎಂದು ರೋಶನಬಿಗೆ ಹೇಳಿದ್ದಳು. "ಅದರ ಗಿಲಾವ ಮಾಡಾಕ ನನ್ನ ಕರದ್ರ ಪಗಾರ ಇಲ್ದಂಗ ಮಾಡ್ತೇನಿ."

"ನಿನಗ್ಯಾರ ಕರೀತಾರ ಅಕ್ಕಾ? ಅಲ್ಲಿ ಎಲ್ಲಾ ಮಷೀನ್ ಗಿಲಾವ," ಎಂದು ರೋಶನಬಿ ನಕ್ಕಿದ್ದಳು.

ಹೋಳಿ ಹುಣ್ಣಿಮೆ ಮುಗಿದ ಹಿಂದೆಯೇ ಅಗೆತ ಶುರುವಾಯಿತು. ಎರಡಾಳು ಆಳಕ್ಕೆ ಹೋಗುವುದರಲ್ಲಿ ಕರಿಬಂಡೆ ಹತ್ತಿತು. ಬಂಡೆ ಒಡೆಯಲು ಗುತ್ತಿಗೆದಾರರು ಬ್ರೇಕರ್ ಯಂತ್ರ ತಂದರು. ಅದರ ಉಕ್ಕಿನ ಮೂತಿ ಬಂಡೆಗೆ ಕುಟ್ಟಿದಾಗಲೆಲ್ಲ ಓಣಿಯ ಮನೆಗಳಲ್ಲಿ ಪಾತ್ರೆಗಳು ಒಂದಕ್ಕೊಂದು ಬಡಿಯುತ್ತಿದ್ದವು. ತಗ್ಗಿನ ಅಂಚಿನಿಂದ ಕರೆವ್ವನ ಗೋಡೆಗೆ ಹದಿಮೂರು ಹೆಜ್ಜೆ. ಹದಿನೈದು ದಿನ ಕಳೆದ ಮೇಲೆ ಒಂದು ಬೆಳಗ್ಗೆ ಅವಳು ಒಳಗಿನ ಕೋಣೆಯ ಕಸ ಗುಡಿಸುತ್ತಿದ್ದಾಗ ಕಸಬರಿಗೆಯ ತುದಿಗೆ ಬಿಸಿಲು ಬಿತ್ತು. ಆ ಕೋಣೆಗೆ ಕಿಟಕಿಯೇ ಇರಲಿಲ್ಲ, ಮಾಳಿಗೆಯ ಬೆಳಕಿಂಡಿಯಿಂದ ಬಿಸಿಲು ಇಳಿಯುವುದು ಮಧ್ಯಾಹ್ನಕ್ಕೆ. ತಲೆ ಎತ್ತಿ ನೋಡಿದಳು. ತೊಲೆಯ ಕೆಳಗಿನಿಂದ ನೆಲದವರೆಗೆ ಗೋಡೆ ಸೀಳಿತ್ತು.

ಗುತ್ತಿಗೆದಾರರ ಮನುಷ್ಯ ಬಂದು ನೋಡಿ, "ಮನಿ ಮುಪ್ಪಾಗೈತಿ ಬಾಯಿ, ಇದ ಮದಲಿಂದು ಬಿರುಕು," ಎಂದ.

"ನನಗ ಗ್ವಾಡಿ ಹೇಳಿಕೊಡ್ತೀಯೇನಪಾ?" ಎಂದಳು ಕರೆವ್ವ. "ಹಳೇ ಬಿರುಕಿನ್ಯಾಗ ಜೇಡರ ಬಲಿ ಇರತೈತಿ, ಧೂಳ ಕುಂತಿರತೈತಿ. ಇದರಾಗ ಹಸೀ ಮಣ್ಣಿನ ವಾಸನಿ ಬರಾಕತ್ತೈತಿ, ಮೂಸ ನೋಡು."

ಅವನು ಮೂಸಿ ನೋಡಲಿಲ್ಲ.

ಒಂಬತ್ತೂ ಮನೆಯವರು ಸೇರಿ ಮೂಡಲಗಿಯ ವಕೀಲ ಭೀಮೇಶನ ಹತ್ತಿರ ಹೋದರು. ಅವನಿನ್ನೂ ಮೂವತ್ತರ ಹುಡುಗ, ಆದರೆ ಹೇಳಿದ್ದನ್ನು ಪೂರ್ತಿ ಕೇಳಿಸಿಕೊಳ್ಳುತ್ತಿದ್ದ. ಮನೆಗಳಿಗೆ ಆಸರೆ ಕಟ್ಟುವವರೆಗೆ ಬಂಡೆ ಒಡೆಯಬಾರದು, ಇಲ್ಲವೇ ಬೇರೆ ಕಡೆ ಮನೆ ಕೊಡಬೇಕು ಎಂದು ದಾವೆ ಹಾಕಿದ. ಉಳಿದ ಮನೆಗಳಲ್ಲಿ ಕೂದಲೆಳೆಯಂಥ ಗೆರೆಗಳು ಮಾತ್ರ ಬಂದಿದ್ದವು. ಅಂಗೈ ತೂರುವಷ್ಟು ಬಾಯಿ ಬಿಟ್ಟದ್ದು ಕರೆವ್ವನ ಗೋಡೆಯೊಂದೇ. ನಿವೃತ್ತ ಓವರ್ಸಿಯರ್ ಕೇದಾರಿ ಎಂಬುವರನ್ನು ಕರೆತಂದು ಭೀಮೇಶ ಆ ಬಿರುಕಿಗೆ ಅಡ್ಡಲಾಗಿ ಬೆರಳಗಲದ ಮೂರು ಗಾಜಿನ ಪಟ್ಟಿ ಅಂಟಿಸಿ ಫೋಟೋ ತೆಗೆದ. ಗೋಡೆ ಇನ್ನೂ ಅಲುಗುತ್ತಿದ್ದರೆ ಗಾಜು ಒಡೆಯುತ್ತದೆ, ಅದೇ ಪುರಾವೆ.

"ಕರೆವ್ವಾ, ಈ ಗ್ವಾಡಿ ನಮ್ಮ ದೊಡ್ಡ ಸಾಕ್ಷಿ," ಎಂದ ಭೀಮೇಶ. "ಸಾಕ್ಷಿಗೆ ಯಾರೂ ಕೈ ಹಚ್ಚಂಗಿಲ್ಲ. ಕೋರ್ಟಿನವರು ಬಂದ ನೋಡೂತನಕ ಹಿಂಗ ಇರಬೇಕು."

"ಹಚ್ಚೂದಿಲ್ಲರಿ," ಎಂದಳು.

ಕೋರ್ಟು ಸ್ಟೇ ಕೊಟ್ಟಿತು. ಬ್ರೇಕರ್ ನಿಂತಿತು. ಮನೆಗೆ ಬಂದು ಕರೆವ್ವ ಬಾಬಾಸಾಹೇಬರ ಫೋಟೋದ ಗಾಜು ಒರೆಸಿ, ಅದರ ಮುಂದೆ ಸ್ವಲ್ಪ ಹೊತ್ತು ನಿಂತಳು. ಅವರು ಬರೆದ ಕಾನೂನು ತಮ್ಮ ಓಣಿಗೂ ನಡೆದು ಬಂತು ಎಂದು ಅವಳಿಗೆ ಅನಿಸಿತು.

ಆದರೆ ತಾರೀಖಿನ ಮೇಲೆ ತಾರೀಖು ಬಿದ್ದು, ಎರಡು ಗಾಜು ತಾವಾಗಿ ಒಡೆದು, ಮಳೆಗಾಲ ಕಳೆಯಿತು. ಅಗೆದ ತಗ್ಗಿನಲ್ಲಿ ನೀರು ನಿಂತು ಪಾಚಿಗಟ್ಟಿತು. ಹಳೆಯ ಬೇವಿನ ಮರವನ್ನು ಮೊದಲೇ ಕಡಿದಿದ್ದರಿಂದ ಊರವರು ಬಸ್ಸಿಗಾಗಿ ಬಿಸಿಲಿನಲ್ಲೇ ನಿಲ್ಲಬೇಕಾಯಿತು. ಹಿಟ್ಟಿನ ಗಿರಣಿಯ ಸರದಿಯಲ್ಲಿ ಕರೆವ್ವ ನಿಂತರೆ ಮಾತುಗಳು ಚುಚ್ಚುತ್ತಿದ್ದವು.

"ಒಂಬತ್ತ ಮನಿ ಸಲುವಾಗಿ ಇಡೀ ಊರ ಬಿಸಲಾಗ ನಿಂತೈತಿ," ಎಂದ ಗಿರಣಿಯ ಕರೆಪ್ಪ. "ಅಷ್ಟ ದೊಡ್ಡ ಗಿಲಾವದಾಕಿ, ಒಂದ ಬಿರುಕ ಮುಚ್ಚಾಕ ಬರೂದಿಲ್ಲೇನ ನಿನಗ?"

"ಬರತೈತಿ ಕರೆಪ್ಪಣ್ಣ. ಮುಚ್ಚಬ್ಯಾಡ ಅಂದಾರ."

"ಮುಚ್ಚಬ್ಯಾಡ ಅಂದಾರೋ, ತೋರಿಸಿಕೋತ ತಿರುಗು ಅಂದಾರೋ?"

ಅವಳು ಹಿಟ್ಟು ತೆಗೆದುಕೊಂಡು ಬಂದಳು. ಒಂಬತ್ತು ತಿಂಗಳು ದಿನಾ ಮಲಗುವಾಗ, ಏಳುವಾಗ ಆ ಬಿರುಕನ್ನು ನೋಡಿದಳು. ಮೂವತ್ತು ವರ್ಷ ಮಂದಿಯ ಗೋಡೆ ಮುಚ್ಚಿದ ಕೈ ಸೆರಗಿನೊಳಗೆ ಸುಮ್ಮನೆ ಕೂತಿತ್ತು.

ಹುಕ್ಕೇರಿಗೆ ಕೊಟ್ಟಿದ್ದ ಮಗಳು ಆಮ್ರಪಾಲಿ ಚೊಚ್ಚಲ ಹೆರಿಗೆಗೆ ತವರಿಗೆ ಬಂದದ್ದು ಆ ಚಳಿಗಾಲದಲ್ಲಿ. ಚೊಚ್ಚಲು ತವರಿನಲ್ಲೇ ಆಗಬೇಕು. ಅದನ್ನು ತಪ್ಪಿಸುವ ಮಾತನ್ನು ಯಾರೂ ಆಡಲಿಲ್ಲ. ಮೂಡಲಗಿಯ ದವಾಖಾನೆಯಲ್ಲಿ ಹೆಣ್ಣು ಕೂಸು ಹುಟ್ಟಿತು. ಮೂರನೆಯ ದಿನ ತಾಯಿ ಮಗುವನ್ನು ಮನೆಗೆ ಕರೆತಂದರು. ಬಾಣಂತಿಯನ್ನು ಮಲಗಿಸಲು ಇದ್ದದ್ದು ಒಳಗಿನ ಕೋಣೆಯೊಂದೇ. ಪಡಸಾಲೆ ರಸ್ತೆಗೆ ತೆರೆದಿತ್ತು, ಅಡುಗೆಮನೆಯಲ್ಲಿ ಹೊಗೆ.

ಬಾಣಂತಿ ಕೋಣೆಗೆ ಗಾಳಿ ಬರಬಾರದು. ಹಾಗಾಗಿ ಕರೆವ್ವ ಬಾಗಿಲ ಸಂದಿಗೆ ಗೋಣಿ ಕಟ್ಟಿದಳು, ಮಾಳಿಗೆಯ ಬೆಳಕಿಂಡಿಗೆ ಚಪ್ಪಡಿ ಎಳೆದಳು, ಹೊರಸಿನ ಕೆಳಗೆ ಕೆಂಡದ ಶೆಗಡಿ ಇಟ್ಟಳು. ಬಿರುಕಿಗೆ ಹಳೆಯ ಸೀರೆಗಳನ್ನು ತುರುಕಿದಳು. ಆದರೆ ತಗ್ಗಿನ ಕಡೆಯಿಂದ ಬೀಸುವ ಗಾಳಿ ಸೀರೆಯ ನಡುವೆ ದಾರಿ ಮಾಡಿಕೊಳ್ಳುತ್ತಿತ್ತು, ಒಮ್ಮೊಮ್ಮೆ ಸೀರೆಯನ್ನೇ ಹೊರಗೆ ಎಳೆದು ಹಾಕುತ್ತಿತ್ತು. ಎಂಟನೆಯ ದಿನ ಕೂಸಿನ ಎದೆ ಗೊರಗೊರ ಎನ್ನತೊಡಗಿತು. ಡಾಕ್ಟರು ಔಷಧ ಕೊಟ್ಟು, ತಂಡಿ ತಾಗಿದರೆ ಉಸಿರಿಗೆ ಕಷ್ಟ, ಬೆಚ್ಚಗಿಡಿ ಎಂದರು.

ಬಾಣಂತಿಗೆ ನೀರೆರೆಯಲು ಬರುತ್ತಿದ್ದ ಮುದುಕಿ ಸೀತವ್ವ ಸೊಂಟದ ಮೇಲೆ ಕೈಯಿಟ್ಟು ಬಿರುಕಿನ ಮುಂದೆ ನಿಂತಳು. "ಏನ ಕರೆವ್ವಾ, ಮಗಳನ್ನ ಮನ್ಯಾಗ ಮಲಗಿಸಿಯೋ, ಹಾದ್ಯಾಗ ಮಲಗಿಸಿಯೋ? ಊರ ಮಂದಿ ಮನಿ ತುಂಬ ಗಿಲಾವ ಹಚ್ಚಿ ಬಂದಿ. ಸ್ವಂತ ಮೊಮ್ಮಗಳ ತಲಿ ಕಡೆ ತೂತ ಬಿಟ್ಟೀಯಲ್ಲ!"

"ವಕೀಲ್ರು ಬ್ಯಾಡ ಅಂದಾರ ಆಯಿ."

"ವಕೀಲಗ ಎದಿ ಹಾಲ ಬರತಾವೇನ? ಅವಗ ಏನ ಗೊತ್ತ ಬಾಣಂತಿ ಗಾಳಿ?"

ಅಂದು ಸಾತಪ್ಪ ಹುಕ್ಕೇರಿಯ ಕಡೆ ಕೆಲಸಕ್ಕೆ ಹೋಗಿದ್ದ. ಕರೆವ್ವ ಆಮ್ರಪಾಲಿಯ ಮೊಬೈಲಿನಿಂದ ಭೀಮೇಶನಿಗೆ ಎರಡು ಸಲ ಫೋನು ಹಚ್ಚಿಸಿದಳು. ಎತ್ತಲಿಲ್ಲ, ಕೋರ್ಟಿನ ಹೊತ್ತು ಅದು. ಕೂಸಿನ ಕುಂಚಿಗೆ ಬಿಚ್ಚಿ ಎದೆಗೆ ಕಿವಿಯಿಟ್ಟು ಕೇಳಿದಳು. ಆಮೇಲೆ ಎದ್ದಳು.

ಅವಳು ಮನಸ್ಸಿಗೆ ಬಂದಂತೆ ಮಾಡಿದವಳಲ್ಲ. ಮೊದಲು ಮೂರೂ ಗಾಜಿನ ಪಟ್ಟಿಗಳನ್ನು ಹದವಾಗಿ ಬಿಡಿಸಿ, ಒಡೆದ ತುಂಡುಗಳನ್ನೂ ಬಿಡದೆ ಬಿಳಿ ಅರಿವೆಯಲ್ಲಿ ಸುತ್ತಿ ಸ್ಟೀಲಿನ ಡಬ್ಬಿಯಲ್ಲಿಟ್ಟಳು. ಆಮೇಲೆ ದಾರ ತೆಗೆದುಕೊಂಡು ಬಿರುಕಿನ ಅಗಲವನ್ನು ಮೇಲೆ, ನಡುವೆ, ಕೆಳಗೆ ಅಳೆದು ಮೂರು ಗಂಟು ಹಾಕಿದಳು. ಉದ್ದಕ್ಕೆ ಇನ್ನೊಂದು ದಾರ. ಅವನ್ನೂ ಅದೇ ಡಬ್ಬಿಯಲ್ಲಿಟ್ಟು ಮುಚ್ಚಳ ಒತ್ತಿದಳು. ಸಾಕ್ಷಿ ಎಲ್ಲವೂ ಡಬ್ಬಿಯಲ್ಲಿದೆ, ಒಂದು ಕೂದಲೂ ಕಡಿಮೆಯಾಗಿಲ್ಲ ಎಂದುಕೊಂಡಳು. ಮಗಳನ್ನೂ ಕೂಸನ್ನೂ ಅಷ್ಟು ಹೊತ್ತು ರೋಶನಬಿಯ ಮನೆಯಲ್ಲಿ ಕೂರಿಸಿದಳು.

"ವಕೀಲ್ರು ಏನೂ ಅನ್ನೂದಿಲ್ಲ ಹೌದಲ್ಲ ಅಕ್ಕಾ?" ಎಂದು ಕೂಸನ್ನು ತೊಡೆಯ ಮೇಲೆ ಹಾಕಿಕೊಂಡು ರೋಶನಬಿ ಕೇಳಿದ್ದಳು.

"ಗಾಜ ಅದಾವ, ದಾರ ಐತಿ. ನಾ ಏನ ಕದ್ದ ಇಟ್ಟಿಲ್ಲಲ್ಲ."

ಚಿಪ್ಪುಗಲ್ಲು ಬಡಿದಳು, ಮಣ್ಣು ತುಂಬಿದಳು. ಎರಡು ದಿನ ಬಿಟ್ಟು ಸುಣ್ಣದ ಗಿಲಾವು ಹಚ್ಚಿ ನುಣುಪುಗಲ್ಲಿನಿಂದ ತೀಡಿದಳು. ಒಂಬತ್ತು ತಿಂಗಳ ಹಸಿವು ಆ ಕೈಯಲ್ಲಿತ್ತು. ಕೂಸಿನ ಎದೆ ನಾಲ್ಕೇ ದಿನಕ್ಕೆ ಸಡಿಲಾಯಿತು. ಸಾತಪ್ಪ ಬಂದು ಗೋಡೆ ನೋಡಿದ. "ವಕೀಲ್ರಿಗೆ ಹೇಳಿಯೇನ?" ಎಂದ. "ಮುಂದಿನ ತಾರೀಖಿಗೆ ಹೇಳೂಣು," ಎಂದಳು.

ಮುಂದಿನ ತಾರೀಖಿಗಿಂತ ಮೊದಲೇ, ಮನೆಗಳನ್ನು ನೋಡಿ ವರದಿ ಕೊಡಲು ಕೋರ್ಟು ನೇಮಿಸಿದ ಕಮಿಷನರ್ ಬಂದರು.

ವಯಸ್ಸಾದ ಮನುಷ್ಯ, ಬಿಳಿ ಮೀಸೆ. ಜೊತೆಗೆ ಟೇಪು ಹಿಡಿದ ಒಬ್ಬ ಇಂಜಿನಿಯರ್, ಗುತ್ತಿಗೆದಾರರ ಕಡೆಯ ವಕೀಲ, ಮತ್ತು ಭೀಮೇಶ. ಆಮ್ರಪಾಲಿ ಕೂಸನ್ನೆತ್ತಿಕೊಂಡು ಅಡುಗೆಮನೆಗೆ ಸರಿದಳು. ಭೀಮೇಶ ಎಲ್ಲರನ್ನೂ ಒಳಗಿನ ಕೋಣೆಗೆ ಕರೆದೊಯ್ದು, ಮಾತು ಶುರು ಮಾಡಲು ಕೈಯೆತ್ತಿದವನು ಕೈಯನ್ನು ಹಾಗೇ ಹಿಡಿದು ನಿಂತ.

ಕಮಿಷನರ್ ಗೋಡೆಯ ಮೇಲೆ ಅಂಗೈ ಆಡಿಸಿದರು. "ಏ, ಭಾಳ ಚಲೋ ಕೆಲಸ. ಕನ್ನಡಿ ಆಗೇತಲ್ರಿ. ಯಾರ ಮಾಡ್ಯಾರ ಇದನ್ನ?"

"ನಾನರಿ," ಎಂದಳು ಕರೆವ್ವ.

"ನೀನ? ಯಾವಾಗ?"

"ಹದಿನೆಂಟ ದಿನ ಆತ್ರಿ. ಬಾಣಂತಿಗೆ ಗಾಳಿ ಬಡೀತಿತ್ತು, ಕೂಸಿನ ಎದಿ ಕಟ್ಟಿತ್ತು..."

ಕಮಿಷನರ್ ಇಂಜಿನಿಯರನ ಕಡೆ ತಿರುಗಿ ಅವಳ ಮಾತನ್ನು ಹೇಳಿದರು, ಅವನು ಬರೆದುಕೊಂಡ. ಆ ಕಡೆಯ ವಕೀಲ ಮುಗುಳ್ನಕ್ಕ. ಭೀಮೇಶನ ಮುಖ ನೋಡಿದಾಗ ಮಾತ್ರ ಕರೆವ್ವನಿಗೆ ತಾನು ಏನೋ ತಪ್ಪಿದ್ದೇನೆ ಎಂದು ಹೊಳೆಯಿತು. ಓಡಿ ಹೋಗಿ ಡಬ್ಬಿ ತಂದಳು.

"ಎಲ್ಲಾ ಇಟ್ಟೇನ್ರಿ. ಇವ ನೋಡ್ರಿ ಗಾಜು. ಇದು ಮ್ಯಾಲಿನ ಅಗಲ, ಇದು ನಡುಕಿಂದು. ಗಂಟ ನೋಡ್ರಿ ಸಾಹೇಬ್ರ, ನಾಕ ಬೆರಳ ಇತ್ತು."

ಕಮಿಷನರ್ ದಾರವನ್ನು ಬೆಳಕಿಗೆ ಹಿಡಿದು ನೋಡಿದರು. ಅವರ ಮುಖದಲ್ಲಿ ಸಿಟ್ಟು ಇರಲಿಲ್ಲ. "ತಾಯೀ, ಈ ಗಾಜು ಯಾವ ಗ್ವಾಡಿದು ಅಂತ ಗಾಜಿಗೆ ಹೇಳಾಕ ಬರೂದಿಲ್ಲ. ನಾನು ಇವತ್ತ ಕಣ್ಣಿಗೆ ಕಂಡದ್ದು ಬರೀಬೇಕು."

"ಫೋಟೋ ಅದಾವ್ರಿ," ಎಂದ ಭೀಮೇಶ.

"ಯಾವ ಮನಿದೋ ಏನೋ," ಎಂದ ಆ ಕಡೆಯ ವಕೀಲ.

ಕರೆವ್ವ ಮೂಲೆಯಲ್ಲಿದ್ದ ಉಳಿ ಮತ್ತು ಸುತ್ತಿಗೆ ಎತ್ತಿಕೊಂಡಳು. "ಒಂದ ಗಳಿಗಿ ನಿಲ್ಲರಿ. ನಾನ ಮುಚ್ಚೇನಿ, ನಾನ ತಗೀತೇನಿ. ಕಣ್ಣಾರೆ ನೋಡ್ರಿ." ಉಳಿಯನ್ನು ಗೋಡೆಗೆ ಹಚ್ಚಿದಳು. ಆ ಕಡೆಯ ವಕೀಲ ಜೋರಾಗಿ ಕೂಗಿದ: "ಪರಿಶೀಲನೆ ನಡೆದಾಗ ಗ್ವಾಡಿಗೆ ಕೈ ಹಚ್ಚಂಗಿಲ್ಲ! ಮತ್ತ ಸಾಕ್ಷಿ ಕೆಡಸಾಕತ್ತಾಳ ನೋಡ್ರಿ!"

ಭೀಮೇಶನೇ ಅವಳ ಮುಂಗೈ ಹಿಡಿದು ಕೆಳಗೆ ಇಳಿಸಿದ. ಅವಳು ಅವನ ಕಡೆ ನೋಡಿದಳು. "ಕರೆವ್ವಾ, ಬ್ಯಾಡ," ಎಂದ ಮೆಲ್ಲಗೆ. "ಈಗ ಒಡದ್ರ ನೀನ ಒಡದಿ ಅಂತ ಬರೀತಾರ."

ಉಳಿದ ಎಂಟು ಮನೆಗಳನ್ನು ನೋಡಲು ಅವರಿಗೆ ಒಂದು ತಾಸು ಸಾಕಾಯಿತು.

ವರದಿಯಲ್ಲಿ ಬರೆದದ್ದು ಇಷ್ಟು: ಮೊದಲ ಮನೆಯಲ್ಲಿ ಕಣ್ಣಿಗೆ ಕಾಣುವ ಬಿರುಕು ಇಲ್ಲ, ಹೊಸ ಗಿಲಾವು ತಾನೇ ಹಚ್ಚಿದ್ದಾಗಿ ಮನೆಯವಳು ಒಪ್ಪಿದ್ದಾಳೆ, ಮೊದಲು ಬಿರುಕು ಇದ್ದಿದ್ದರೆ ಅದರ ಕಾರಣ ಹೇಳಲು ಬರುವುದಿಲ್ಲ, ಉಳಿದ ಮನೆಗಳ ಗೆರೆಗಳು ಹಳೆಯ ಮನೆಗಳಿಗೆ ಸಹಜ. ಆ ಕಡೆಯ ವಕೀಲ ಕೋರ್ಟಿನಲ್ಲಿ ಇನ್ನೊಂದು ಮಾತು ಸೇರಿಸಿದ. ಹೆಂಗಸು ವೃತ್ತಿಯಿಂದಲೇ ಗಿಲಾವಿನವಳು, ಬಿರುಕು ಮಾಡುವುದೂ ಮುಚ್ಚುವುದೂ ಅವಳಿಗೆ ಗೊತ್ತು. ಭೀಮೇಶ ಎದ್ದು ನಿಂತು ಅರ್ಧ ತಾಸು ಮಾತಾಡಿದ. ಮಾರ್ಚಿನ ಎರಡನೆಯ ವಾರ ಸ್ಟೇ ತೆರವಾಯಿತು.

ಕೋರ್ಟಿನ ಹೊರಗೆ ಎಂಟು ಮನೆಯವರು ಕರೆವ್ವನನ್ನು ಬಿಟ್ಟು ಬೇರೆ ನಿಂತಿದ್ದರು. ಒಬ್ಬ, "ಬ್ಯಾರೆಯವ್ರು ಕೆಡವೂದು ಬ್ಯಾಡಾಗಿತ್ತು, ನಮ್ಮಾಕಿನ ಇದ್ಲು," ಎಂದ. ಬಸ್ಸಿನಲ್ಲಿ ರೋಶನಬಿ ಕರೆವ್ವನ ಬಾಜೂಕ್ಕೇ ಕುಳಿತಳು. ಕಲ್ಲೋಳಿ ದಾಟಿದ ಮೇಲೆ ಬಾಯಿ ತೆರೆದಳು.

"ಆ ಕೂಸಿನ ಎದಿ ಗೊರಗೊರ ನಾನೂ ಕೇಳೇನಿ ಅಕ್ಕಾ. ನಿನಗ ಏನಂತ ಬೈಲಿ? ಬೈಯಾಕರ ಬಂದಿದ್ರ ಚಲೋ ಇತ್ತು."

"ಬೈಯ ರೋಶನಾ."

"ಬರವಲ್ದು." ಇಳಿಯುವವರೆಗೂ ರೋಶನಬಿ ಕಿಟಕಿಯ ಹೊರಗೇ ನೋಡಿದಳು. ಅದಾದ ಮೇಲೆ ಅವಳು ಈ ಮನೆಯ ಹೊಸ್ತಿಲು ತುಳಿಯಲಿಲ್ಲ.

ಮರುದಿನವೇ ಬ್ರೇಕರ್ ಬಂತು. ಹುಕ್ಕೇರಿಯಿಂದ ಅಳಿಯ ಲಖನ ಬಂದು ಆಮ್ರಪಾಲಿಯನ್ನೂ ಕೂಸನ್ನೂ ಕರೆದೊಯ್ದ. ಹನ್ನೊಂದನೆಯ ದಿನ ಗೋಡೆ ಮೊದಲಿನ ಜಾಗದಲ್ಲೇ ಸೀಳಿತು. ಜೊತೆಗೆ ರೋಶನಬಿಯ ಕಡೆಯ ನಡುಗೋಡೆಯೂ ಹೊಟ್ಟೆ ಉಬ್ಬಿಸಿತು. ಕರೆವ್ವ ಬರಿಗಾಲಲ್ಲೇ ಬಸ್ಸು ಹತ್ತಿ ಮೂಡಲಗಿಗೆ ಹೋದಳು. ಭೀಮೇಶ ಬಂದು ಫೋಟೋ ತೆಗೆದು ಹೊಸ ಅರ್ಜಿ ಹಾಕಿದ. ಕೋರ್ಟಿನ ಬೇಸಿಗೆ ರಜೆ ಮುಗಿದ ಮೇಲಿನ ತಾರೀಖು ಸಿಕ್ಕಿತು.

ಮೇ ತಿಂಗಳಲ್ಲಿ ಒಂದು ಸಂಜೆ ಗುಡುಗಿ ಸುರಿದ ಮಳೆಗೆ ಮಾಳಿಗೆಯ ಮೂಲೆ ಕುಸಿಯಿತು. ಮೂರು ದಿನದೊಳಗೆ ಊರಿನ ಪಂಚಾಯಿತಿ ಕಚೇರಿಯವರು ಬಂದು ಕರೆವ್ವನ ಬಾಗಿಲಿಗೂ ರೋಶನಬಿಯ ಬಾಗಿಲಿಗೂ ನೋಟೀಸು ಅಂಟಿಸಿ ಹೋದರು. ನಾಲ್ಕನೆಯ ತರಗತಿವರೆಗೆ ಕಲಿತಿದ್ದ ಸಾತಪ್ಪ ಒಂದೊಂದೇ ಅಕ್ಷರ ಕೂಡಿಸಿ ಓದಿದ. ಈ ಕಟ್ಟಡ ವಾಸಕ್ಕೆ ಯೋಗ್ಯವಾಗಿಲ್ಲ. ಗೋಡೆ ಬೀಳುವ ಅಪಾಯವಿದೆ. ಮಳೆಗಾಲಕ್ಕೆ ಮುಂಚೆ ತೆರವು ಮಾಡಿ ಕೆಡವಬೇಕು. ತಪ್ಪಿದರೆ ಮುಂದಾಗುವ ಅನಾಹುತಕ್ಕೆ ವಾಸಿಸುವವರೇ ಹೊಣೆ.

ಕರೆವ್ವ ನೋಟೀಸನ್ನು ಹರಿಯದಂತೆ ಬಿಡಿಸಿಕೊಂಡು ಭೀಮೇಶನ ಹತ್ತಿರ ಹೋದಳು.

"ಕೋರ್ಟಿನ್ಯಾಗ ಬಿರುಕ ಇಲ್ಲ ಅಂದ್ರು. ಇವರು ಬೀಳತೈತಿ ಅಂತಾರ. ಗ್ವಾಡಿ ಒಂದ ಐತಲ್ರಿ ವಕೀಲ್ ಸಾಹೇಬ್ರ?"

ಭೀಮೇಶ ಕಾಗದವನ್ನು ಎರಡು ಸಲ ಓದಿದ. "ಆ ಕಾಗದ ಜನೇವರಿದು, ಈ ಕಾಗದ ಮೇದು. ಎರಡೂ ಖರೇನ, ಕರೆವ್ವಾ."

"ಹಂಗಾರ ಇದನ್ನ ಕೋರ್ಟಿಗೆ ತೋರಿಸ್ರಿ. ಬೀಳತೈತಿ ಅಂತ ಅವ್ರ ಬರದಾರಲ್ಲ."

"ತೋರಿಸ್ತೇನಿ. ತಾರೀಖ ಜೂನ್ ಕಡೀಗೆ ಐತಿ. ಅಲ್ಲೀಮಟ ಆ ಗ್ವಾಡಿ ಕೆಳಗ ಮಲಗಬ್ಯಾಡ್ರಿ."

"ಮನಿ ಇಳಸಿದ್ರ ಜೂನಿನ್ಯಾಗ ಕೋರ್ಟಿನವ್ರು ಏನ ನೋಡ್ತಾರ್ರಿ?"

ಭೀಮೇಶ ನೋಟೀಸನ್ನು ಮಡಚಿ ಕಡತದಲ್ಲಿಟ್ಟ. ಅವಳಿಗಾಗಿ ಚಹಾ ತರಿಸಿದ. ಅವಳು ಕುಡಿಯಲಿಲ್ಲ.

ರೋಶನಬಿ ತನ್ನ ಹೊಲಿಗೆ ಯಂತ್ರವನ್ನು ಗಾಡಿಯಲ್ಲಿ ಹೇರಿಸಿ ಗೋಕಾಕದ ಅಕ್ಕನ ಮನೆಗೆ ಹೋದಳು. ಹೋಗುವಾಗ ಕರೆವ್ವ ಹೊರಗೆ ಬಂದು ನಿಂತಿದ್ದಳು. ರೋಶನಬಿ ತಲೆ ಅಲ್ಲಾಡಿಸಿದಳು. ಹೋಗುತ್ತೇನೆ ಎಂದೋ, ಏನೂ ಬೇಡ ಎಂದೋ ತಿಳಿಯಲಿಲ್ಲ.

ಮಳೆ ಹಿಡಿಯುವ ಮೊದಲು, ಒಂದು ಸೋಮವಾರ, ಗಂಡ ಹೆಂಡತಿ ಇಬ್ಬರೇ ಮನೆ ಇಳಿಸತೊಡಗಿದರು. ಮನೆ ಕಟ್ಟುವುದಕ್ಕಿಂತ ಇಳಿಸುವುದಕ್ಕೆ ಹೆಚ್ಚು ಎಚ್ಚರ ಬೇಕು. ಮೇಲಿನ ಮಣ್ಣನ್ನು ಮೊದಲು ತೆಗೆಯಬೇಕು, ಇಲ್ಲದಿದ್ದರೆ ಭಾರಕ್ಕೆ ತೊಲೆ ತಲೆಯ ಮೇಲೆ ಬರುತ್ತದೆ. ಕರೆವ್ವ ಮಾಳಿಗೆ ಹತ್ತಿ ಸಲಿಕೆಯಿಂದ ಮಣ್ಣು ದೂಡಿದಳು. ಸಾತಪ್ಪ ಕೆಳಗಿನಿಂದ, "ಆ ಬದಿಗಿ ಹೋಗಬ್ಯಾಡ, ಅಲ್ಲಿ ಪೊಳ್ಳ ಐತಿ," ಎಂದ. "ಗೊತ್ತೈತಿ," ಎಂದಳು ಅವಳು. ತಗ್ಗಿನಾಚೆ ಕಬ್ಬಿಣದ ಕಂಬಗಳು ಅವಳ ಕಣ್ಣಿನ ಮಟ್ಟಕ್ಕೆ ಎದ್ದಿದ್ದವು. ಅಲ್ಲಿಯ ಕೆಲಸಗಾರರು ಅವಳನ್ನು ನೋಡಿ, ತಮ್ಮ ಹಾಗೇ ಯಾರದೋ ಕೆಲಸಕ್ಕೆ ಬಂದವಳು ಎಂದುಕೊಂಡು ಕೈ ಬೀಸಿದರು.

ನಾಲ್ಕನೆಯ ದಿನಕ್ಕೆ ಏಳು ತೊಲೆ, ಒಂದು ಬಾಗಿಲು, ಚೌಕಟ್ಟು, ಚಪ್ಪಡಿಗಳು ಹೊರಗೆ ಸಾಲಾಗಿ ಬಿದ್ದಿದ್ದವು. ಬಾಡಿಗೆಯ ಟ್ರ್ಯಾಕ್ಟರಿಗೆ ಅವನ್ನೆಲ್ಲ ಹೇರಿ, ಮೇಲೆ ಪಾತ್ರೆಯ ಗೋಣಿ ಮತ್ತು ಎರಡು ಫೋಟೋಗಳನ್ನು ಹಾಸಿಗೆಯಲ್ಲಿ ಸುತ್ತಿ ಇಟ್ಟರು. ಡ್ರೈವರ್ ಹಗ್ಗ ಬಿಗಿದು ಮೇಲೆ ಕುಳಿತ.

"ಕಾಕಾ, ಎಲ್ಲಿಗಿ ಹೊಡೀಲಿ?"

ಸಾತಪ್ಪ ಹೆಂಡತಿಯ ಮುಖ ನೋಡಿದ. ತುಕ್ಕಾನಟ್ಟಿಯಲ್ಲಿ ಅವಳ ಅಣ್ಣನ ಮನೆಯಲ್ಲಿ ಹತ್ತು ದಿನಕ್ಕಿಂತ ಹೆಚ್ಚು ಜಾಗ ಇರಲಿಲ್ಲ, ಅದೂ ಮನುಷ್ಯರಿಗೆ, ತೊಲೆಗಳಿಗೆ ಅಲ್ಲ. ಬೀಗರ ಮನೆಗೆ ಮರ ಹೇರಿಕೊಂಡು ಹೋಗಲು ಬರುವುದಿಲ್ಲ. ಎಂಜಿನ್ ಶುರುವಾಗಿ ಟ್ರಾಲಿ ಅದುರುತ್ತಿತ್ತು.

"ಅಕ್ಕಾ, ಎಲ್ಲಿಗಿ?" ಎಂದ ಡ್ರೈವರ್ ಮತ್ತೊಮ್ಮೆ.

"ಮದಲ ಹೊರಗ ತಗಿಯಪಾ," ಎಂದಳು ಕರೆವ್ವ. "ಓಣಿ ದಾಟು. ಆಮ್ಯಾಲ ಹೇಳ್ತೇವಿ."